ಕಾಗದದ ಫಿಲ್ಟರ್, ಹಿತ್ತಾಳೆಯ ಫಿಲ್ಟರ್

ಕಾಫಿ ಸೋಸುವ ಕಾಗದಕ್ಕೆ ಒಂದು ಜನ್ಮವರ್ಷವಿದೆ. 1908ರಲ್ಲಿ ಜರ್ಮನಿಯ ಡ್ರೆಸ್ಡನ್ನಿನ ಗೃಹಿಣಿ ಮೆಲಿಟ್ಟಾ ಬೆಂಟ್ಸ್ ತೂತು ಕೊರೆದ ಪಾತ್ರೆಯಲ್ಲಿ ಶಾಯಿ ಹೀರುವ ಕಾಗದ ಹಾಸಿ ಕಾಫಿ ಸೋಸಿದರು. ಅದೇ ವರ್ಷ ಅದರ ಹಕ್ಕನ್ನೂ ಪಡೆದರು. ಅವರ ತಕರಾರು ಬಟ್ಟಲಿನ ತಳದ ಗಸಿ ಮತ್ತು ಕಹಿಯ ಮೇಲೆ. ಹಾಲಿಲ್ಲದೆ ತೆಳುವಾಗಿ ಕುಡಿಯುವವರಿಗೆ ಅದು ನಿಜವಾದ ಕಷ್ಟ. ಹಳೇ ಮೈಸೂರಿನ ಮನೆಗೆ ಬೇಕಾಗಿದ್ದೇ ಬೇರೆ: ಹಾಲಿಗೂ ಸಕ್ಕರೆಗೂ ಸೋಲದ ಗಟ್ಟಿ ಡಿಕಾಕ್ಷನ್. ಹಿತ್ತಾಳೆ ಫಿಲ್ಟರಿನಲ್ಲಿ ಪುಡಿಯನ್ನು ಅದುಮಿಟ್ಟರೆ ಆ ಪುಡಿಯ ಹಾಸೇ ಅರ್ಧ ಸೋಸುತ್ತದೆ. ಪುಡಿಗೆ ಬೆರೆಸಿದ ಚಿಕೋರಿ ನೀರಿನ ಓಟವನ್ನು ಇನ್ನಷ್ಟು ತಡೆಯುತ್ತದೆ. ಇನ್ನು ಸೊಲ್ಲಾಪುರ ಜಿಲ್ಲೆಯ ಹುಲಜಂತಿಯಂಥ ಗಡಿನಾಡ ಕನ್ನಡದ ಊರುಗಳು ಚಹಾದ ಸೀಮೆ. ಹಾಲು ಬೆರೆಸಿ ಕುದಿಸಿದ ಚಹಾಕ್ಕೆ ಅರಿವೆಯೋ ಜಾಳಿಗೆಯೋ ಸಾಕು. ಅಂದರೆ ಸೋಸುವ ಸಾಧನವನ್ನು ಆರಿಸಿದ್ದು ಕುಡಿಯುವ ರೂಢಿ. ಕಾಗದ ಬಾರದಿದ್ದುದು ಹಿಂದುಳಿದಿರುವಿಕೆಯಲ್ಲ.

ಆರೋಗ್ಯದ ಮಾತೆತ್ತಿ ಇದನ್ನು ಅಲ್ಲಗಳೆಯಬಹುದು. ಕೊಲೆಸ್ಟರಾಲ್ ಏರಿಸುವ ಕೆಫೆಸ್ಟಾಲ್ ಎಂಬ ಕಾಫಿಯೆಣ್ಣೆಯ ಅಂಶವನ್ನು ಕಾಗದ ಬಹುಪಾಲು ಹಿಡಿದಿಡುತ್ತದೆ, ಲೋಹದ ತೂತು ಅಷ್ಟು ಹಿಡಿಯದು. ಇದು ತೂಕದ ಆಕ್ಷೇಪ, ಒಪ್ಪಲೇಬೇಕು. ಆದರೆ ಕಾಗದ ಹುಟ್ಟಿದ್ದು ಆ ಕಾರಣಕ್ಕಲ್ಲ. ಈ ಗುಣ ತಿಳಿದದ್ದು ದಶಕಗಳ ನಂತರ. ಕೊಲೆಸ್ಟರಾಲ್ ಹೆಚ್ಚಿರುವವರು ಈಗ ಕಾಗದಕ್ಕೆ ಹೊರಳಿದರೆ ಸರಿಯೇ. ಆಗ ಕಾಫಿ ಯಂತ್ರದಲ್ಲಿ ಕಾಗದ ಕೂರಿಸುವ ಬುಟ್ಟಿಯ ಆಕಾರಕ್ಕೂ ಅಳತೆಗೂ ಒಪ್ಪುವುದನ್ನೇ ಕೊಳ್ಳಬೇಕು. ಬಿಳಿಯೋ ಕಂದೋ ಎಂಬ ಜಗಳ ಅಷ್ಟು ದೊಡ್ಡದಲ್ಲ, ಕಂದು ಕಾಗದದ ವಾಸನೆ ಬಿಸಿನೀರಿನಲ್ಲಿ ತೊಳೆದರೆ ತಗ್ಗುತ್ತದೆ. ಹಿತ್ತಾಳೆ ಫಿಲ್ಟರಿನ ನುಣ್ಣನೆ ಪುಡಿಯನ್ನೇ ಸುರಿದರೆ ಮಾತ್ರ ಕಾಗದ ಕಟ್ಟಿಕೊಳ್ಳುತ್ತದೆ. ಪುಡಿ ತುಸು ತರಿಯಾಗಿರಬೇಕು.