ಹಳೆಯ ವೀರರು, ಹೊಸ ಭಯ

ರಾತ್ರಿ ದೀಪ ಆರಿಸಿಕೊಂಡು ‘ರೆಸಿಡೆಂಟ್ ಈವಿಲ್’ ಆಡುವ ನಿಮಗೆ ಲಿಯಾನ್, ಕ್ಲೇರ್, ಕ್ರಿಸ್, ಜಿಲ್ ಯಾರೆಂದು ನಾನು ಹೇಳಬೇಕಾಗಿಲ್ಲ. ಆದರೆ ಇವರನ್ನು ಮತ್ತೆ ಮತ್ತೆ ಕರೆತರುವಾಗ ಆಟ ಕಟ್ಟುವವರಿಗೆ ಒಂದು ತೊಡಕು ಎದುರಾಗುತ್ತಲೇ ಬಂದಿದೆ. ಒಮ್ಮೆ ಗೆದ್ದವರನ್ನು ಮತ್ತೆ ಹೆದರಿಸುವುದು ಹೇಗೆ?

ಮೊದಲ ಆಟ 1996ರ ಮಾರ್ಚ್‌ನಲ್ಲಿ ಪ್ಲೇಸ್ಟೇಷನ್‌ಗೆ ಬಂತು. ಮಾಡಿದ್ದು ಜಪಾನಿನ ಒಸಾಕಾದ ಕ್ಯಾಪ್‌ಕಾಮ್ ಕಂಪನಿ, ನಿರ್ದೇಶಕ ಶಿಂಜಿ ಮಿಕಾಮಿ. ಜಪಾನಿನಲ್ಲಿ ಅದರ ಹೆಸರು ‘ಬಯೋಹಜಾರ್ಡ್’. ಇದೇ ಕಂಪನಿಯ 1989ರ ‘ಸ್ವೀಟ್ ಹೋಮ್’ ಆಟದಲ್ಲಿ ಇದರ ಬೇರಿದೆ. ಅಲ್ಲಿ ಝಾಂಬಿಗಳಿಗಿಂತ ಹೆಚ್ಚು ಹೆದರಿಸಿದ್ದು ಕೊರತೆ. ಗುಂಡುಗಳು ಎಣಿಸುವಷ್ಟೇ. ಕ್ರಿಸ್ ಹೊರಬಲ್ಲದ್ದು ಆರು ವಸ್ತು, ಜಿಲ್ ಎಂಟು. ಆಟವನ್ನು ಸೇವ್ ಮಾಡಲೂ ಟೈಪ್‌ರೈಟರ್ ರಿಬ್ಬನ್ ಬೇಕು. ಕ್ಯಾಮೆರಾ ನಿಂತಲ್ಲೇ ನಿಂತಿರುತ್ತದೆ. ಮೂಲೆಯಾಚೆ ಏನೋ ನರಳುವುದು ಕೇಳುತ್ತದೆ, ಕಾಣುವುದಿಲ್ಲ. ಮುಂದಿನ ಕೋಣೆ ಲೋಡ್ ಆಗುವವರೆಗೆ ಬಾಗಿಲು ನಿಧಾನವಾಗಿ ತೆರೆದುಕೊಳ್ಳುವ ದೃಶ್ಯ ಬರುತ್ತದಲ್ಲ, ಯಂತ್ರದ ಆ ನಿಧಾನವೂ ಹೆದರಿಕೆಯೇ ಆಯಿತು!

1998ರ ಎರಡನೆಯ ಆಟವನ್ನು ಹಿಡೆಕಿ ಕಾಮಿಯಾ ನಿರ್ದೇಶಿಸಿದರು. ಬಹುಪಾಲು ಮುಗಿದಿದ್ದ ಆವೃತ್ತಿಯೊಂದನ್ನು ಪಕ್ಕಕ್ಕಿಟ್ಟು ಮತ್ತೆ ಮೊದಲಿನಿಂದ ಮಾಡಿದ ಆಟ ಅದು. ಲಿಯಾನ್‌ಗೆ ಪೊಲೀಸ್ ಕೆಲಸದ ಮೊದಲ ದಿನ. ಕ್ಲೇರ್ ಅಣ್ಣ ಕ್ರಿಸ್‌ನನ್ನು ಹುಡುಕಿಕೊಂಡು ಬಂದ ಕಾಲೇಜು ಹುಡುಗಿ.

2005ರ ನಾಲ್ಕನೆಯ ಆಟಕ್ಕೆ ಲಿಯಾನ್ ಮರಳಿದಾಗ ಅವನು ನುರಿತ ಏಜೆಂಟ್. ಹಳೆಯ ಭಯ ಅವನಿಗೆ ಸಾಲದು. ಇದಕ್ಕಾಗಿ ಮಾಡಿದ ಪ್ರಯತ್ನಗಳಲ್ಲೊಂದು ದಾರಿ ಬದಲಿಸಿ ‘ಡೆವಿಲ್ ಮೇ ಕ್ರೈ’ ಎಂಬ ಬೇರೆ ಆಟವೇ ಆಗಿಹೋಯಿತು. ಕೊನೆಗೆ ಮಿಕಾಮಿ ಝಾಂಬಿಗಳನ್ನೇ ಬಿಟ್ಟರು. ಸ್ಪೇನಿನ ಹಳ್ಳಿಯಲ್ಲಿ ಪರೋಪಜೀವಿ ಹೊಕ್ಕ ಜನ ಮಾತಾಡುತ್ತಾರೆ, ಗುಂಪುಕಟ್ಟಿ ಸುತ್ತುವರಿಯುತ್ತಾರೆ. ಕ್ಯಾಮೆರಾ ಲಿಯಾನ್‌ನ ಹೆಗಲ ಹಿಂದೆ ಬಂತು. ಆದರೆ ಗುರಿಯಿಟ್ಟಾಗ ಹೆಜ್ಜೆ ಎತ್ತುವಂತಿಲ್ಲ! ನನ್ನ ಮಟ್ಟಿಗೆ ಇಡೀ ಸರಣಿಯ ಜಾಣತನ ಆ ಒಂದು ನಿಯಮದಲ್ಲಿದೆ.

2009ರಲ್ಲಿ ಕ್ರಿಸ್‌ನನ್ನು ಆಫ್ರಿಕಾಕ್ಕೆ ಕಳಿಸಿದರು. ಆಟ ಬರುವ ಮೊದಲೇ, 2007ರ ಟ್ರೇಲರ್ ನೋಡಿ ಹಲವರು ಸಿಟ್ಟಾದರು: ಬಿಳಿಯ ನಾಯಕ ಕರಿಯ ಹಳ್ಳಿಗರ ಗುಂಪಿಗೆ ಗುಂಡು ಹಾರಿಸುತ್ತಿದ್ದ. ಹೊಸ ಭಯ ಬೇಕೆಂದಾಗ ಅದಕ್ಕೆ ಯಾರ ಮುಖ ಹಚ್ಚುತ್ತೇವೆ? ನಮ್ಮ ಮೈಬಣ್ಣ ಹೊತ್ತು ಪರದೇಶದಲ್ಲಿ ಬೆಳೆದ ನಿಮಗೆ ಈ ಪ್ರಶ್ನೆಯನ್ನು ನಾನು ಬಿಡಿಸಿ ಹೇಳಬೇಕಿಲ್ಲ.

2012ರ ಆರನೆಯದರಲ್ಲಿ ಲಿಯಾನ್, ಕ್ರಿಸ್ ಇಬ್ಬರೂ ಬಂದರು. ಸ್ಫೋಟಗಳೂ ಬಂದವು. ಭಯ ಮಾತ್ರ ಹಿಂದುಳಿಯಿತು. ಲಕ್ಷ್ಮೀಶನ ‘ಜೈಮಿನಿ ಭಾರತ’ ನೆನಪಾಗುತ್ತದೆ. ಕುರುಕ್ಷೇತ್ರ ಗೆದ್ದ ಅರ್ಜುನ ಅಲ್ಲಿ ಅಶ್ವಮೇಧದ ಕುದುರೆಯ ಹಿಂದೆ ಹೊರಟು, ಹೆತ್ತ ಮಗ ಬಬ್ರುವಾಹನನ ಬಾಣಕ್ಕೇ ಉರುಳುತ್ತಾನೆ. ಹಳೆಯ ವೀರನನ್ನು ಮತ್ತೆ ಹೊರಡಿಸಿದರೆ ಅವನು ಬೀಳಲೂಬೇಕು ಎಂಬುದು ಆ ಕವಿಗೆ ಗೊತ್ತಿತ್ತು.

ಕ್ಯಾಪ್‌ಕಾಮ್‌ಗೂ ಹೊಳೆಯಿತು. 2017ರ ಏಳನೆಯ ಆಟದ ನಾಯಕ ಈಥನ್, ಕಾಣೆಯಾದ ಹೆಂಡತಿಯನ್ನು ಹುಡುಕುವ ಸಾಮಾನ್ಯ ಮನುಷ್ಯ. ಬಹುಪಾಲು ಅವನ ಕಣ್ಣಿನಿಂದಲೇ ಕಾಣುತ್ತದೆ. ಕ್ರಿಸ್ ಬರುವುದು ಕೊನೆಗೆ. 2019ರಲ್ಲಿ ಎರಡನೆಯ ಆಟವನ್ನೇ ಹೊಸದಾಗಿ ಕಟ್ಟಿ ಲಿಯಾನ್‌ನನ್ನು ಮತ್ತೆ ಕೆಲಸದ ಮೊದಲ ದಿನಕ್ಕೆ ಕಳಿಸಿದರು. ಪೊಲೀಸ್ ಠಾಣೆಯಲ್ಲಿ ಮಿಸ್ಟರ್ ಎಕ್ಸ್‌ನ ಭಾರವಾದ ಹೆಜ್ಜೆ ಸದ್ದು. ಮೇಲಿನ ಮಹಡಿಯಲ್ಲೋ ಪಕ್ಕದ ಕೋಣೆಯಲ್ಲೋ ತಿಳಿಯದು. ಹುಡುಗನ ಕೈಯಲ್ಲಿ ಬೆರಳೆಣಿಕೆಯಷ್ಟು ಗುಂಡು.