ಹಾಲನ್ನ, ಇಲಿ ಮತ್ತು ಬೆಕ್ಕಿನ ಹೃದಯ

ನಮ್ಮ ಪುತ್ತೂರು, ಸುಳ್ಯ, ಕಡಬದ ಕಡೆ ಅಡಿಕೆ ತೋಟದ ಮನೆ ಅಂದಮೇಲೆ ಒಂದು ಬೆಕ್ಕು ಇರಲೇಬೇಕು. ಅದರ ಕೆಲಸ ಅಟ್ಟದ ಇಲಿ ಹಿಡಿಯುವುದು. ಸಂಬಳ ಎರಡು ಹೊತ್ತು ಹಾಲನ್ನ, ಇಲ್ಲವೇ ಮಜ್ಜಿಗೆ ಅನ್ನ. ಮೀನು ತಿನ್ನುವ ಮನೆಯಾದರೆ ಬೂತಾಯಿ ತಲೆಯ ಬೋನಸ್ಸು ಬೇರೆ! ಮೀನೇ ತಾರದ ಮನೆಗಳಲ್ಲೂ ಬೆಕ್ಕುಗಳು ಗಟ್ಟಿಮುಟ್ಟಾಗಿಯೇ ಇದ್ದವು. ಹಾಗಾಗಿ ಬೆಕ್ಕಿಗೆ ಹಾಲನ್ನ ಸಾಕು ಅಂತ ನಾವೆಲ್ಲ ನಂಬಿಬಿಟ್ಟಿದ್ದೇವೆ. ಆದರೆ ಈ ಲೆಕ್ಕದಲ್ಲಿ ಇಲಿಯನ್ನು ಸೇರಿಸಲು ಮರೆತಿದ್ದೇವೆ. ಅದು ತಿಳಿಯಬೇಕಾದರೆ ಟಾರಿನ್ ಎಂಬ ವಸ್ತುವಿನ ಕಥೆ ಹೇಳಬೇಕು.

1827ರಲ್ಲಿ ಜರ್ಮನಿಯ ಟೀಡೆಮನ್ ಮತ್ತು ಗ್ಮೆಲಿನ್ ಎಂಬಿಬ್ಬರು ಎತ್ತಿನ ಪಿತ್ತರಸದಿಂದ ಇದನ್ನು ಬೇರ್ಪಡಿಸಿದರು. ಲ್ಯಾಟಿನ್ನಿನಲ್ಲಿ ಟಾರಸ್ ಅಂದರೆ ಗೂಳಿ. ಹೆಸರು ಬಂದದ್ದು ಅಲ್ಲಿಂದ. ಬೆಕ್ಕಿಗೂ ಇದಕ್ಕೂ ಇರುವ ನಂಟು ಗೊತ್ತಾಗಲು ಮುಂದೆ ಸುಮಾರು ನೂರೈವತ್ತು ವರ್ಷ ಬೇಕಾಯಿತು. 1975ರಲ್ಲಿ ಹೇಯ್ಸ್ ಮತ್ತು ಸಂಗಡಿಗರು, ಹಾಲಿನ ಪ್ರೋಟೀನಾದ ಕೇಸಿನ್ ಕೊಟ್ಟು ಸಾಕಿದ ಬೆಕ್ಕುಗಳ ಅಕ್ಷಿಪಟಲ ಹಾಳಾಗುವುದಕ್ಕೆ ಟಾರಿನ್ ಕೊರತೆಯೇ ಕಾರಣ ಅಂತ ತೋರಿಸಿದರು.

ಪುತ್ತೂರಿನಲ್ಲಿ ಕ್ಯಾಂಪ್ಕೊ ಚಾಕಲೇಟ್ ಕಾರ್ಖಾನೆ ಶುರುವಾದದ್ದು 1986ರಲ್ಲಿ. ಮರುವರ್ಷ, 1987ರಲ್ಲಿ, ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಡೇವಿಸ್‌ನಲ್ಲಿ ಪಾಲ್ ಪಿಯನ್ ಮತ್ತು ಜೊತೆಗಾರರು ಹೃದಯದ ಗುಟ್ಟನ್ನೂ ಬಿಡಿಸಿದರು. ಆಗ ಅಮೆರಿಕದಲ್ಲಿ ವರ್ಷಕ್ಕೆ ಸಾವಿರಾರು ಸಾಕುಬೆಕ್ಕುಗಳು ಹೃದಯ ಹಿಗ್ಗಿ ಸಾಯುತ್ತಿದ್ದವು. ಸ್ನಾಯು ಸೋತು, ರಕ್ತ ತಳ್ಳಲಾರದೆ, ಶ್ವಾಸಕೋಶದಲ್ಲಿ ನೀರು ತುಂಬಿಕೊಳ್ಳುವ ಕಾಯಿಲೆ. ಅಂಗಡಿಯ ಆಹಾರ ತಿನ್ನುತ್ತಿದ್ದ ಇಂಥ 21 ಬೆಕ್ಕುಗಳ ರಕ್ತದಲ್ಲಿ ಟಾರಿನ್ ಕಡಿಮೆ ಇತ್ತು. ಟಾರಿನ್ ಕೊಟ್ಟರೆ ಹೃದಯ ಮತ್ತೆ ಸರಿಯಾಗಿ ಬಡಿಯತೊಡಗಿತು! ಕಂಪೆನಿಗಳು ಟಾರಿನ್ ಹೆಚ್ಚಿಸಿದವು, ಕಾಯಿಲೆ ಅಪರೂಪವಾಯಿತು.

ನಾವು, ನಾಯಿಗಳು ಬೇರೆ ಅಮೈನೋ ಆಮ್ಲಗಳಿಂದ ಸಾಕಷ್ಟು ಟಾರಿನ್ ಮಾಡಿಕೊಳ್ಳುತ್ತೇವೆ. ಬೆಕ್ಕಿಗೆ ಆ ಶಕ್ತಿ ತೀರಾ ಕಡಿಮೆ. ಸಾಲದ್ದಕ್ಕೆ ಅದರ ಪಿತ್ತರಸಕ್ಕೆ ಟಾರಿನ್ನೇ ಬೇಕು, ದಿನವೂ ಖರ್ಚು. ಅನ್ನದಲ್ಲಿ ಟಾರಿನ್ ಇಲ್ಲವೇ ಇಲ್ಲ ಅನ್ನಬಹುದು, ಹಸುವಿನ ಹಾಲಿನಲ್ಲಿ ಅತಿ ಕಡಿಮೆ. ಇಲಿ, ಮೀನು, ಮರುವಾಯಿಯಲ್ಲಿ ಧಾರಾಳ.

ಅಂದರೆ ನಮ್ಮ ಹಿರಿಯರ ಹಾಲನ್ನ ಬರೀ ಹೊಟ್ಟೆ ತುಂಬಿಸಿತು. ಹೃದಯಕ್ಕೆ ಬೇಕಾದ್ದನ್ನು ಬೆಕ್ಕು ತಾನೇ ಅಟ್ಟದಲ್ಲಿ, ಕೊಕ್ಕೋ ಗಿಡದ ಬುಡದಲ್ಲಿ ದುಡಿದು ತಂದುಕೊಂಡಿತು. ಈಗ ಪೇಟೆಯ ಫ್ಲ್ಯಾಟಿನಲ್ಲಿ ಬಾಗಿಲು ಹಾಕಿ ಸಾಕುವ ಬೆಕ್ಕಿಗೆ ಇಲಿ ಎಲ್ಲಿಂದ ಬರಬೇಕು? ನಾವು ಮಾತ್ರ ಅದೇ ಹಾಲನ್ನ ಹಾಕುತ್ತಿದ್ದೇವೆ.

ಬೆಕ್ಕಿನ ಹೃದ್ರೋಗಕ್ಕೆಲ್ಲ ಊಟವೇ ಕಾರಣವಲ್ಲ. ಇಂದು ಹೆಚ್ಚು ಕಾಣುವುದು ಹೃದಯದ ಗೋಡೆ ದಪ್ಪವಾಗುವ ಬೇರೊಂದು ಕಾಯಿಲೆ. ಬೆಕ್ಕು ಏದುಸಿರು ಬಿಟ್ಟರೆ ತಡಮಾಡದೆ ಡಾಕ್ಟರ ಹತ್ತಿರ ಒಯ್ಯಬೇಕು. ಆದರೆ ಈ ಕೊರತೆಯನ್ನು ತಪ್ಪಿಸುವುದು ನಮ್ಮ ಕೈಯಲ್ಲೇ ಇದೆ. ಮೀನು ಬೇಯಿಸಿ ಹಾಕುವವರು ನೀರು ಚೆಲ್ಲಬೇಡಿ, ಟಾರಿನ್ ಅದರಲ್ಲಿ ಇಳಿದಿರುತ್ತದೆ. ಮನೆಗೆ ಮೀನು ತಾರದವರು ಟಾರಿನ್ ಸೇರಿಸಿದ ಬೆಕ್ಕಿನ ಆಹಾರವನ್ನಾದರೂ ತನ್ನಿ. ನಮ್ಮ ಮಡಿ ನಮಗಿರಲಿ, ಪುಚ್ಚೆಗೆ ಬೇಡ!