ಸಿಂಹದ ಹಾಡು ಮತ್ತು ಹತ್ತು ಶಿಲಿಂಗ್

1994ರ ಬೇಸಿಗೆಯಲ್ಲಿ ನನ್ನ ಮಗನಿಗೆ ಎಂಟು ವರ್ಷ. ‘ದಿ ಲಯನ್ ಕಿಂಗ್’ ಚಿತ್ರ ನೋಡಿ ಬಂದ ಮೇಲೆ ತಿಂಗಳುಗಟ್ಟಲೆ ನಮ್ಮ ಕಾರಿನಲ್ಲಿ ಅದೊಂದೇ ಹಾಡು, ‘ದಿ ಲಯನ್ ಸ್ಲೀಪ್ಸ್ ಟುನೈಟ್’. ನಾನೂ ಸ್ಟಿಯರಿಂಗ್ ಮೇಲೆ ತಾಳ ಹಾಕುತ್ತಿದ್ದೆ. ಅದು ಅಮೆರಿಕದ ಹಾಡೆಂದೇ ನಂಬಿದ್ದೆ. ಕೆಲವು ವರ್ಷಗಳ ಮೇಲೆ ಒಂದು ದಿನ ಡಯಾಲಿಸಿಸ್ ವಿಭಾಗದಲ್ಲಿ ಅದನ್ನು ಗುನುಗುತ್ತಿದ್ದಾಗ ದಕ್ಷಿಣ ಆಫ್ರಿಕಾದ ನರ್ಸ್ ಒಬ್ಬರು, “ಡಾಕ್ಟರೇ, ಅದು ನಮ್ಮ ಕಡೆಯ ಹಾಡು. ಕಟ್ಟಿದವರು ನಿಮ್ಮ ಕಾಯಿಲೆಯಿಂದಲೇ ಹೋದರು” ಎಂದರು. ನನ್ನ ಕಾಯಿಲೆ ಎಂದರೆ ನಾನು ಮೂವತ್ತು ವರ್ಷ ಚಿಕಿತ್ಸೆ ಮಾಡಿದ ಮೂತ್ರಪಿಂಡ ವೈಫಲ್ಯ. ಆ ಮಾತು ನನ್ನನ್ನು ಬಿಡಲಿಲ್ಲ. ನಿವೃತ್ತಿಯಾದ ಮೇಲೆ ಈ ಹಾಡಿನ ಹಿಂದೆ ಬಿದ್ದೆ.

ಹಾಡು ಕಟ್ಟಿದವರು ಸಾಲೊಮನ್ ಲಿಂಡಾ. 1909ರಲ್ಲಿ ನಟಾಲ್ ಪ್ರಾಂತ್ಯದ ಎಂಸಿಂಗಾ ಎಂಬ ಬಡ ಸೀಮೆಯಲ್ಲಿ ಹುಟ್ಟಿ, ಹುಡುಗನಾಗಿದ್ದಾಗ ದನ ಕಾಯ್ದವರು. ಕೆಲಸ ಹುಡುಕಿಕೊಂಡು ಜೋಹಾನ್ಸ್‌ಬರ್ಗ್ ಸೇರಿ, ಗ್ಯಾಲೊ ಎಂಬ ಗ್ರಾಮಫೋನ್ ಕಂಪನಿಯಲ್ಲಿ ತಟ್ಟೆಗಳನ್ನು ಪ್ಯಾಕ್ ಮಾಡುವ ಕೆಲಸಕ್ಕಿದ್ದರು. ಬಿಡುವಿನಲ್ಲಿ ‘ಈವ್ನಿಂಗ್ ಬರ್ಡ್ಸ್’ ಎಂಬ ತಂಡ ಕಟ್ಟಿಕೊಂಡು ಹಾಡುತ್ತಿದ್ದರು. 1939ರಲ್ಲಿ ಅದೇ ಕಂಪನಿಯ ಸ್ಟುಡಿಯೋದಲ್ಲಿ ‘ಮ್ಬೂಬೆ’ ಧ್ವನಿಮುದ್ರಣವಾಯಿತು. ಜುಲು ಭಾಷೆಯಲ್ಲಿ ಹಾಗೆಂದರೆ ಸಿಂಹ. ಮೂರನೆಯ ಸಲ ಹಾಡುವಾಗ, ಕೊನೆಯ ಭಾಗದಲ್ಲಿ ಲಿಂಡಾ ಆ ಕ್ಷಣಕ್ಕೆ ತೋಚಿದ ಒಂದು ಮಟ್ಟನ್ನು ಎತ್ತರದ ದನಿಯಲ್ಲಿ ಹಾಡಿಬಿಟ್ಟರು. ಮುಂದೆ ಜಗತ್ತೆಲ್ಲ ಹಾಡಿದ್ದು ಆ ಕೆಲವೇ ಸೆಕೆಂಡುಗಳ ರಾಗವನ್ನು. ಹಾಡಿನ ಹಕ್ಕಿಗಾಗಿ ಅವರಿಗೆ ಸಿಕ್ಕಿದ್ದು ಹತ್ತು ಶಿಲಿಂಗ್ ಎಂದು ಹೇಳುತ್ತಾರೆ. ಆಫ್ರಿಕಾದಲ್ಲಿ ಅದರ ತಟ್ಟೆಗಳು ಒಂದು ಲಕ್ಷದಷ್ಟು ಖರ್ಚಾದವು. ಆ ಗಾಯನ ಶೈಲಿಗೇ ‘ಮ್ಬೂಬೆ’ ಎಂಬ ಹೆಸರು ಬಿತ್ತು.

ಆ ತಟ್ಟೆ ನ್ಯೂಯಾರ್ಕ್ ತಲುಪಿ, ಜಾನಪದ ಸಂಗ್ರಾಹಕ ಅಲನ್ ಲೋಮ್ಯಾಕ್ಸ್ ಅವರಿಂದ ಗಾಯಕ ಪೀಟ್ ಸೀಗರ್ ಕೈಗೆ ಬಂತು. ‘ಉಯಿಂಬೂಬೆ’, ಅಂದರೆ ‘ನೀನು ಸಿಂಹ’ ಎಂಬ ಪದ ಸೀಗರ್ ಕಿವಿಗೆ ‘ವಿಮೊವೆ’ ಎಂದು ಕೇಳಿಸಿತು. ಅದೇ ಹೆಸರಿನಲ್ಲಿ ಅವರ ‘ವೀವರ್ಸ್’ ತಂಡದ ತಟ್ಟೆ 1952ರಲ್ಲಿ ಜನಪ್ರಿಯವಾಯಿತು. ಲೇಬಲ್ಲಿನ ಮೇಲೆ ಲಿಂಡಾ ಹೆಸರಿಲ್ಲ. ಪಾಲ್ ಕ್ಯಾಂಪ್‌ಬೆಲ್ ಎಂದಿದೆ. ಅಂಥ ಮನುಷ್ಯನೇ ಇರಲಿಲ್ಲ. ಜಾನಪದ ಹಾಡುಗಳನ್ನು ಅಳವಡಿಸಿಕೊಂಡಾಗ ಆ ತಂಡದವರು ಹಾಕುತ್ತಿದ್ದ ಹುಸಿ ಹೆಸರು ಅದು. ಸೀಗರ್ ಮೋಸಗಾರರಲ್ಲ. ಲಿಂಡಾಗೆ 1000 ಡಾಲರಿನ ಚೆಕ್ ಕಳಿಸಿದರು. ಲಿಖಿತ ಕರಾರು ಆಯಿತೇ ಎಂದು ತಾನು ನೋಡಿಕೊಳ್ಳಬೇಕಿತ್ತೆಂದು ಮುಂದೆ ತಾವೇ ಒಪ್ಪಿಕೊಂಡರು. ನನ್ನ ಲೆಕ್ಕದಲ್ಲಿ ಕೆಡುಕಾದದ್ದು ‘ಜಾನಪದ’ ಎಂಬ ಆ ಒಂದು ಪದದಿಂದ. ಹಾಗೆಂದ ಮೇಲೆ ಯಾರು ಬರೆದದ್ದು ಎಂದು ಕೇಳುವ ಅಗತ್ಯವೇ ಉಳಿಯುವುದಿಲ್ಲ. ಇದನ್ನು ಹೇಳಲು ನನಗೆ ಸಂಕೋಚವೂ ಇದೆ. ನಾನು ನಮ್ಮ ಕೂಟದ ಕಾರ್ಯದರ್ಶಿಯಾಗಿದ್ದಾಗ ರಾಜ್ಯೋತ್ಸವದ ಕಾರ್ಯಕ್ರಮ ಪಟ್ಟಿಯಲ್ಲಿ ಶಿಶುನಾಳ ಶರೀಫರ ಒಂದು ತತ್ವಪದದ ಮುಂದೆ ‘ಜಾನಪದ’ ಎಂದು ಅಚ್ಚು ಹಾಕಿಸಿದ್ದೆ. ಧಾರವಾಡ ಕಡೆಯ ಹಿರಿಯರೊಬ್ಬರು ಊಟದ ಸಾಲಿನಲ್ಲೇ ನನ್ನನ್ನು ನಿಲ್ಲಿಸಿ ತರಾಟೆಗೆ ತೆಗೆದುಕೊಂಡರು.

1961ರಲ್ಲಿ ‘ಟೋಕನ್ಸ್’ ತಂಡಕ್ಕಾಗಿ ಜಾರ್ಜ್ ವೈಸ್ ಮತ್ತು ಜೊತೆಗಾರರು ಅದೇ ರಾಗಕ್ಕೆ ಇಂಗ್ಲಿಷ್ ಮಾತು ಕೂಡಿಸಿದರು. ‘ದಿ ಲಯನ್ ಸ್ಲೀಪ್ಸ್ ಟುನೈಟ್’ ಆ ವರ್ಷದ ಕೊನೆಗೆ ಅಮೆರಿಕದಲ್ಲಿ ಮೊದಲ ಸ್ಥಾನಕ್ಕೇರಿತು. ಮರುವರ್ಷ, 1962ರ ಅಕ್ಟೋಬರ್‌ನಲ್ಲಿ, ಲಿಂಡಾ ಮೂತ್ರಪಿಂಡ ವೈಫಲ್ಯದಿಂದ ತೀರಿಕೊಂಡರು. ಸಮಾಧಿಗೆ ಕಲ್ಲು ಹಾಕಿಸಲು ಮನೆಯವರಿಗೆ ಹದಿನೆಂಟು ವರ್ಷ ಹಿಡಿಯಿತು.

ರಾಯಧನ ಕೈ ಸೇರಿದ್ದರೆ ಅವರು ಉಳಿಯುತ್ತಿದ್ದರೇ? ವೈದ್ಯನಾಗಿ ಹಾಗೆಂದು ಹೇಳಲಾರೆ. ಸಿಯಾಟಲ್‌ನ ಡಾ. ಬೆಲ್ಡಿಂಗ್ ಸ್ಕ್ರಿಬ್ನರ್ ರೋಗಿಯ ತೋಳಿನ ರಕ್ತನಾಳಗಳಿಗೆ ಟೆಫ್ಲಾನ್ ನಳಿಕೆ ಜೋಡಿಸಿ, ಪದೇಪದೇ ಡಯಾಲಿಸಿಸ್ ಮಾಡಲು ದಾರಿ ತೋರಿಸಿದ್ದು 1960ರಲ್ಲಿ. ಲಿಂಡಾ ಸತ್ತ ವರ್ಷವೇ ಅಲ್ಲಿ ಅಂಥ ರೋಗಿಗಳಿಗೆಂದೇ ಕೇಂದ್ರ ತೆರೆಯಿತು. ಯಾರಿಗೆ ಯಂತ್ರ, ಯಾರಿಗಿಲ್ಲ ಎಂದು ಅಮೆರಿಕದ ಬಿಳಿಯರಲ್ಲೇ ಒಂದು ಸಮಿತಿ ಕೂತು ಆರಿಸುತ್ತಿತ್ತು. ಜೋಹಾನ್ಸ್‌ಬರ್ಗಿನ ಕರಿಯ ಕೂಲಿಗೆ ಆ ವರ್ಷ ಎಷ್ಟು ಹಣವಿದ್ದರೂ ಚಿಕಿತ್ಸೆ ಸಿಗುತ್ತಿರಲಿಲ್ಲ. ಆದರೆ ಅವರ ಮಗಳೊಬ್ಬಳು 2001ರಲ್ಲಿ ಏಡ್ಸ್‌ನಿಂದ ಸತ್ತಳು. ಅಷ್ಟು ಹೊತ್ತಿಗೆ ಔಷಧಿ ಇತ್ತು, ಕೊಳ್ಳಲು ಹಣವಿರಲಿಲ್ಲ. ಚಲನಚಿತ್ರ ಬಂದು ಆಗಲೇ ಏಳು ವರ್ಷವಾಗಿತ್ತು. ನಾನು ತಾಳ ಹಾಕುತ್ತಿದ್ದ ಆ ದಿನಗಳು ಈಗ ನೆನಪಾದರೆ ಹಿತವೆನಿಸುವುದಿಲ್ಲ.

ದಕ್ಷಿಣ ಆಫ್ರಿಕಾದ ಪತ್ರಕರ್ತ ರಿಯಾನ್ ಮಲಾನ್ 2000ದಲ್ಲಿ ‘ರೋಲಿಂಗ್ ಸ್ಟೋನ್’ ಪತ್ರಿಕೆಯಲ್ಲಿ ಈ ಕಥೆಯನ್ನು ದೀರ್ಘವಾಗಿ ಬರೆದ ಮೇಲೆ ವಕೀಲರು ಎಚ್ಚೆತ್ತರು. ಸಹಾಯಕ್ಕೆ ಬಂದದ್ದು, ವಿಚಿತ್ರವೆಂದರೆ, ಬ್ರಿಟಿಷ್ ಸಾಮ್ರಾಜ್ಯದ 1911ರ ಕೃತಿಸ್ವಾಮ್ಯ ಕಾಯಿದೆ. ಲೇಖಕ ಬದುಕಿದ್ದಾಗ ಏನೇ ಬರೆದುಕೊಟ್ಟಿದ್ದರೂ, ಸತ್ತ 25 ವರ್ಷಗಳ ಮೇಲೆ ಹಕ್ಕು ವಾರಸುದಾರರಿಗೆ ಮರಳುತ್ತದೆ ಎಂದು ಅದರಲ್ಲಿತ್ತು. ಅಂದರೆ 1987ರಿಂದಲೇ ಹಾಡು ಮಕ್ಕಳದ್ದು. (ಭಾರತದ 1914ರ ಕಾಯಿದೆಗೂ ಅದೇ ಮೂಲ, 1957ರ ಕಾಯಿದೆ ಬರುವವರೆಗೆ ನಮ್ಮಲ್ಲೂ ನಡೆದದ್ದು ಅದೇ.) 2004ರಲ್ಲಿ ಡಿಸ್ನಿ ಮೇಲೆ ದಾವೆ ಹೂಡಿ, ದಕ್ಷಿಣ ಆಫ್ರಿಕಾದಲ್ಲಿದ್ದ ಅದರ ಟ್ರೇಡ್‌ಮಾರ್ಕ್‌ಗಳನ್ನು ಜಪ್ತಿ ಮಾಡಿಸಿದರು. ಮಿಕ್ಕಿ ಮೌಸ್ ಕೂಡ ಅದರಲ್ಲಿ ಸೇರಿತ್ತು! 2006ರ ಫೆಬ್ರವರಿಯಲ್ಲಿ, ಹಾಡಿನ ಹಕ್ಕು ಇಟ್ಟುಕೊಂಡಿದ್ದ ಅಬಿಲೀನ್ ಮ್ಯೂಸಿಕ್ ಸಂಸ್ಥೆಯೊಡನೆ ರಾಜಿಯಾಯಿತು. ಹಿಂದಿನ ಮತ್ತು ಮುಂದಿನ ರಾಯಧನದಲ್ಲಿ ಕುಟುಂಬಕ್ಕೆ ಪಾಲು, ಲಿಂಡಾಗೆ ಸಹ-ರಚನಕಾರನೆಂಬ ಮನ್ನಣೆ. ಮೊತ್ತವನ್ನು ಗುಟ್ಟಾಗಿಟ್ಟರು.

ನನ್ನ ಮಗನಿಗೆ ಈಗ ಮಗಳಿದ್ದಾಳೆ. ಹೋದ ತಿಂಗಳು ಅವಳಿಗೆ 1939ರ ತಟ್ಟೆಯನ್ನೇ ಹಾಕಿ ಕೇಳಿಸಿದೆ. ಇದು ಬೇರೆ ಹಾಡು ಅಜ್ಜ ಎಂದು ಅರ್ಧಕ್ಕೇ ಎದ್ದಳು. ಸ್ವಲ್ಪ ತಡಿ ಎಂದೆ. ಕೊನೆಯಲ್ಲಿ ಆ ಎತ್ತರದ ದನಿ ಬಂದಾಗ ಬಾಗಿಲ ಹತ್ತಿರವೇ ನಿಂತುಬಿಟ್ಟಳು.